ಗೋಡೆಯಾಚೆಯ ಸುದ್ದಿ ಸಾಂಗ್ಲಿಯಿಂದ ಬಂತು

ಗೆಳೆಯರೇ, ಇವತ್ತು ಮಧ್ಯಾಹ್ನ ನಮ್ಮೂರು ಕರೋಶಿಯ ವಾಟ್ಸಾಪ್ ಗುಂಪಿನಲ್ಲಿ ಶೋಭಕ್ಕನ ಸಂದೇಶ ಬಂತು. ನಮ್ಮ ಓಣಿಯಲ್ಲೇ ಬೆಳೆದವಳು, ಮದುವೆಯಾಗಿ ದೂರದ ಸಾಂಗ್ಲಿಯಲ್ಲಿದ್ದಾಳೆ.

“ಗಂಗವ್ವಾಯಿ ಹಿತ್ತಲದಾಗ ಬಿದ್ದಾಳ, ಯಾರರ ಲಗೂನ ಹೋಗ್ರಿ!”

ಗಂಗವ್ವಾಯಿ ನಮ್ಮ ಪಕ್ಕದ ಮನೆಯವಳು. ನಡುವೆ ಒಂದೇ ಗೋಡೆ. ಓಡಿಹೋಗಿ ಎಬ್ಬಿಸಿ ಕೂರಿಸಿದೆ. ಪುಣ್ಯಕ್ಕೆ ಕಾಲು ಉಳುಕಿತ್ತು, ಅಷ್ಟೇ.

“ಆಯಿ, ನನ್ನ ಯಾಕ ಕರೀಲಿಲ್ಲ?” ಎಂದೆ.

“ಒದರಿ ಒದರಿ ಸಾಕಾತೋ ತಮ್ಮಾ. ನಿನ್ನ ಕಿವ್ಯಾಗ ಆ ವಾಯರ್ ಇತ್ತೇನೋ. ಕೈಯಾಗ ಫೋನ್ ಇತ್ತು, ಶೋಭಾಗ ಹಚ್ಚಿದೆ. ಆಕಿ ಲಗೂನ ಎತ್ತತಾಳ ನೋಡು.”

ನಾನಾಗ ಇಯರ್‌ಫೋನ್ ಹಾಕಿಕೊಂಡು ಅದೇ ಗುಂಪಿಗೆ ಬಂದಿದ್ದ ನಮ್ಮೂರಿನ ಹಳೆಯ ವಿಡಿಯೊ ನೋಡುತ್ತಾ ಕೂತಿದ್ದೆ.

ಈಗ ಗುಂಪಿನಲ್ಲಿ ಎಲ್ಲರೂ ನನಗೆ ಶಹಬ್ಬಾಸ್ ಹೇಳುತ್ತಿದ್ದಾರೆ. ಊರಲ್ಲಿರುವುದು ನಾನೋ ಶೋಭಕ್ಕನೋ ಎಂಬುದು ಮಾತ್ರ ನನಗೆ ತಿಳಿಯುತ್ತಿಲ್ಲ.