ಹೊಗೆ, ಗರಿ, ಅಲೆ

ಅನುಮಾನ ನನ್ನ ಹುಟ್ಟುಗುಣ. ಹಾಲಿನವನು ನಕ್ಕರೂ ಇವತ್ತು ನೀರು ಜಾಸ್ತಿ ಬೆರೆಸಿದ್ದಾನೆ ಅಂದುಕೊಳ್ಳುವವಳು. ಅಂಥವಳಿಗೆ ಕಟ್ಟಿಕೊಂಡ ಗಂಡನೇ ತನ್ನ ಹೆಸರನ್ನು ನನ್ನ ಮಣಿಕಟ್ಟಿನ ಮೇಲೆ ಬರೆಯಲು ಒಲ್ಲೆ ಅಂದರೆ ಸುಮ್ಮನಿರುತ್ತೇನೆಯೇ?

ಅವರು ಹಚ್ಚೆ ಹಾಕುವವರು. ಇಪ್ಪತ್ತೆರಡು ವರ್ಷದಿಂದ ಅದೇ ಕೆಲಸ. ಪರದೆಯ ಹಿಂದೆ ಅವರ ಕುರ್ಚಿ, ಸೂಜಿಯ ಯಂತ್ರ. ಮುಂದೆ ಗಿರಾಕಿಗಳನ್ನು ಕೂರಿಸುವವಳು ನಾನು. ಗೀಟು ಎಳೆದರೆ ಸ್ಕೇಲಿಟ್ಟು ಎಳೆದ ಹಾಗೆ ಎಂದು ಹೆಸರಾದವರು. ಹೆಸರು ಬರೆಸಿಕೊಂಡವರಲ್ಲಿ ಅರ್ಧ ಜನ ಮುಂದೆ ಅದನ್ನು ಮುಚ್ಚಿಸಲು ಬರುತ್ತಾರೆಂದು ಅವರೇ ನಗುತ್ತಿದ್ದರು. ಈಗ ನಾನು ಕೇಳಿದರೆ, ಹೆಸರೆಲ್ಲ ಯಾಕೆ, ಒಂದು ಗರಿ ಹಾಕುತ್ತೇನೆ ಅಂದರು. ಅಂದರೆ ನನ್ನ ಕೈಮೇಲಿನ ಹೆಸರನ್ನೂ ಒಂದು ದಿನ ಮುಚ್ಚಬೇಕಾದೀತು ಅಂದುಕೊಂಡಿದ್ದಾರೆ. ಯಾರು ಅವಳು? ತಲೆಯಲ್ಲಿ ಹುಳ ಬಿಟ್ಟಂತಾಯಿತು.

ಅಂದಿನಿಂದ ನನ್ನ ಪತ್ತೇದಾರಿಕೆ ಶುರು. ಅಂಗಿಯ ಜೇಬು ತಡಕಿದೆ, ಫೋನು ನೋಡಿದೆ. ಏನೂ ಸಿಗಲಿಲ್ಲ, ಸಿಗದಿದ್ದದ್ದೇ ಇನ್ನೂ ದೊಡ್ಡ ಅನುಮಾನ. ಮಗುವಿನ ಹೆಸರು ಬರೆಸಲು ಬಂದ ನರ್ಸಮ್ಮನನ್ನು ಅವರು ಪುಸಲಾಯಿಸಿ ಅಲೆ ಹಾಕಿ ಕಳಿಸಿದರು. ಗೋಡೆ ನೇರ ನೋಡುವ ತೂಗುಗುಂಡಿನ ಚಿತ್ರ ಕೇಳಿದ ಗಾರೆ ಮೇಸ್ತ್ರಿಯನ್ನು ಎದುರಿನ ಅಂಗಡಿಗೆ ಸಾಗಹಾಕಿದರು. ಬಂದ ಗಿರಾಕಿಯನ್ನು ಯಾರಾದರೂ ಎದುರಾಳಿಗೆ ಬಿಟ್ಟುಕೊಡುತ್ತಾರೆಯೇ? ಗೋಡೆಗೆ ಅಂಟಿಸಿದ ಫೋಟೊಗಳನ್ನು ಒಂದೊಂದಾಗಿ ನೋಡಿದೆ. ಕಳೆದ ವರ್ಷದಿಂದ ಬರೀ ಹೊಗೆ, ಗರಿ, ಅಲೆ. ಒಂದೇ ಒಂದು ನೆಟ್ಟನೆ ಗೀಟಿಲ್ಲ.

ಅವರು ಸೂಜಿ ತರಲು ಹೋದಾಗ, ಅವರು ಸದಾ ಬೀಗ ಹಾಕುವ ಡ್ರಾಯರನ್ನು ಅವರ ಕೀಲಿಗೊಂಚಲು ಹುಡುಕಿ ತೆಗೆದೆ. ಯಾರದೋ ಪತ್ರ ಸಿಗುತ್ತದೆಂದು ಎದೆ ಗಟ್ಟಿ ಮಾಡಿಕೊಂಡಿದ್ದೆ. ಸಿಕ್ಕಿದ್ದು ಕೆಲಸ ಕಲಿಯುವವರು ಅಭ್ಯಾಸಕ್ಕೆ ಬಳಸುವ ರಬ್ಬರ್ ಚರ್ಮದ ತುಂಡುಗಳು. ತುಂಬ ಗೀಟುಗಳು. ಪ್ರತಿಯೊಂದೂ ಅರ್ಧಕ್ಕೆ ಬಂದು ನಡುಗಿತ್ತು. ಕೊನೆಯ ತುಂಡಿನ ಮೇಲೆ ಅವರದೇ ಹೆಸರು, ಮತ್ತೆ ಮತ್ತೆ, ಎಲ್ಲವೂ ಸೊಟ್ಟ. ನನ್ನ ಬಗ್ಗೆ ನನಗೇ ನಾಚಿಕೆಯಾಯಿತು.

ಅವರು ಬಂದಾಗ ನಾನು ಗಿರಾಕಿಯ ಕುರ್ಚಿಯಲ್ಲಿ ಕೈ ಚಾಚಿ ಕೂತಿದ್ದೆ. ತೆರೆದ ಡ್ರಾಯರ್ ಕಂಡು ಅವರು ಬಾಗಿಲಲ್ಲೇ ನಿಂತರು.

"ನೆಟ್ಟಗೆ ಬರಲ್ಲ ಕಣೇ," ಅಂದರು.

"ನೋಡಿದೆ. ಬರೀರಿ."

ಬರೆದರು. ಈಗ ಬಂದವರೆಲ್ಲ ನನ್ನ ಮಣಿಕಟ್ಟು ನೋಡಿ, ಇಷ್ಟು ಸೊಟ್ಟಗೆ ಬರೆದವರು ಯಾರು ಎಂದು ಕೇಳುತ್ತಾರೆ. ಯಾರೋ ಹೊಸಬರು ಅನ್ನುತ್ತೇನೆ. ಪರದೆಯ ಹಿಂದೆ ಯಂತ್ರದ ಸದ್ದು ಒಂದು ಗಳಿಗೆ ನಿಲ್ಲುತ್ತದೆ.