ಕಾಗದದಲ್ಲಿ ಹುಟ್ಟದ ಅಕ್ಕ

ಮೊದಲು ನನ್ನ ಮಾತು ಮೀರಿದ್ದು ಬಲಗೈಯ ಕಿರುಬೆರಳು.

ನಾನು ದನದ ದಲ್ಲಾಳಿ. ಸಾತನೂರು ಸುತ್ತಿನ ಸಂತೆಗಳಲ್ಲಿ ಇಪ್ಪತ್ತೈದು ವರ್ಷ ಹಸು ಮಾರಿಸಿ, ಕೊಡಿಸಿ ಬದುಕು ಕಟ್ಟಿಕೊಂಡವನು. ನಮ್ಮ ವ್ಯಾಪಾರದಲ್ಲಿ ಬೆಲೆಯನ್ನು ಬಾಯಲ್ಲಿ ಹೇಳುವುದಿಲ್ಲ. ಟವೆಲ್ಲಿನ ಕೆಳಗೆ ಕೈಗೆ ಕೈ ಕೊಟ್ಟು, ಬೆರಳು ಒತ್ತಿ ಹೇಳುತ್ತೇವೆ; ಒಂದೊಂದು ಬೆರಳಿಗೂ ಹತ್ತು ಸಾವಿರ. ಸುತ್ತ ನಿಂತವರಿಗೆ ತಿಳಿಯಬಾರದು. ಆ ದಿನ ಕೋಡಿಹಳ್ಳಿ ಕಡೆಯ ಒಬ್ಬ ರೈತನ ಹಸುವಿಗೆ ಅವನ ಮೂರು ಬೆರಳು ಹಿಡಿದು ನಿಲ್ಲಿಸಿದ್ದೆ. ನನ್ನ ಕಿರುಬೆರಳು ತಾನಾಗಿಯೇ ಎದ್ದು ಹೋಗಿ ಅವನ ನಾಲ್ಕನೆಯ ಬೆರಳನ್ನೂ ಒತ್ತಿತು.

"ಆಯ್ತು, ಹೊಡ್ಕಂಡೋಗು ಹಸುವ" ಎಂದ.

"ಮೂರು ಕಣ್ಲಾ ನಾನು ಹೇಳಿದ್ದು."

"ಕೈ ಕೊಟ್ಟು ಈಗ ಇಲ್ಲ ಅಂದೀಯಾ ಮಾದೇಶ? ನಿಂಗೂ ವಯಸ್ಸಾಯ್ತು ಬುಡು."

ಕೈಯಲ್ಲಿ ಕೊಟ್ಟ ಮಾತನ್ನು ಬಾಯಲ್ಲಿ ವಾಪಸ್ ತೆಗೆದುಕೊಳ್ಳುವಂತಿಲ್ಲ. ಹಸು ಹೊಡೆದುಕೊಂಡು ಬಂದೆ.

ಆಮೇಲೆ ಒಂದೊಂದೇ ಶುರುವಾಯಿತು. ಲೋಟ ಕೈಜಾರುವುದು. ಕೂತಲ್ಲಿ ಭುಜ ಹಾರುವುದು. ಊಟಕ್ಕೆ ಕೂತರೆ ಹೆಂಡತಿ ರತ್ನ ಗದರುತ್ತಿದ್ದಳು: "ಕಾಲಲ್ಲಿ ತಾಳ ಹಾಕಾದು ಬುಟ್ಟು ಉಣ್ಣಾಕಾಗಲ್ವಾ ನಿಂಗೆ?" ನಾನು ಹಾಕುತ್ತಿರಲಿಲ್ಲ. ಕಾಲು ಹಾಕುತ್ತಿತ್ತು. ಸಂತೆಯಲ್ಲಿ ಕೆಲವರು ನನ್ನ ಬಾಯಿ ಮೂಸಿ ನೋಡಿದರು. ಕುಡಿದಿದ್ದೇನೆಂದು ಅವರ ಲೆಕ್ಕ.

ಕುಡುಕ ಅಂದದ್ದಕ್ಕೆ ನನಗೆ ಕೋಪ ಬರಲಿಲ್ಲ. ಭಯವಾಯಿತು. ನಮ್ಮಪ್ಪನನ್ನೂ ಊರೆಲ್ಲ ಹಾಗೇ ಅನ್ನುತ್ತಿತ್ತು. ಅಪ್ಪ ಹೆಂಡ ಮುಟ್ಟಿದವನಲ್ಲ. ಆದರೂ ಬದುವಿನ ಮೇಲೆ ತೂರಾಡುತ್ತಾ ನಡೆದು, ಕೊನೆಗೆ ಅನ್ನ ನುಂಗಲಾಗದೆ, ಅಮ್ಮನ ಗುರುತೂ ಸಿಗದೆ ಸತ್ತ. ನಾನು ಅದನ್ನು ನೋಡಿದ್ದೆ. ಈಗ ಅದು ನನ್ನ ಅಂಗಿಯೊಳಗೆ ಬಂದು ಕೂತಿತ್ತು.

ಕನಕಪುರದ ಡಾಕ್ಟರು ಬೆಂಗಳೂರಿನ ದೊಡ್ಡಾಸ್ಪತ್ರೆಗೆ ಬರೆದುಕೊಟ್ಟರು. ದೊಡ್ಡಾಸ್ಪತ್ರೆಗೆ ಹೋಗುವವರಿಗೆ ನನ್ನದೊಂದು ಮಾತು: ಮೊದಲ ಬಸ್ಸಿಗೇ ಹೊರಡಿ, ಹಳೆಯ ಚೀಟಿಗಳನ್ನೆಲ್ಲ ಒಂದೇ ಕವರಿನಲ್ಲಿಡಿ, ಡಾಕ್ಟರು ಇಂಗ್ಲಿಷಿನಲ್ಲಿ ಹೇಳಿದ್ದನ್ನು ಕನ್ನಡದಲ್ಲಿ ಇನ್ನೊಮ್ಮೆ ಹೇಳಿಸಿ. ನಾಚಿಕೆ ಪಡಬೇಡಿ. ನಾನು ಹೇಳಿಸಿಕೊಂಡೆ. ಎಂಆರ್‌ಐ ಆಯಿತು, ಬ್ಲಡ್ ಟೆಸ್ಟ್ ಆಯಿತು. ರೋಗದ ಹೆಸರು ಹಂಟಿಂಗ್ಟನ್. ಮಿದುಳು ನಿಧಾನವಾಗಿ ಸವೆಯುತ್ತದೆ. ಕೈಕಾಲಿನ ಕುಣಿತ ತಗ್ಗಿಸಲು ಮಾತ್ರೆ ಇದೆ. ರೋಗವನ್ನು ನಿಲ್ಲಿಸಲು ಇಲ್ಲ.

"ಇದು ರಕ್ತಸಂಬಂಧದಲ್ಲಿ ಬರುವ ಕಾಯಿಲೆ. ತಂದೆಗೋ ತಾಯಿಗೋ ಇದ್ದರೆ ಒಂದೊಂದು ಮಗುವಿಗೂ ಬರುವ ಸಾಧ್ಯತೆ ಅರ್ಧಕ್ಕರ್ಧ" ಎಂದರು ಜೆನೆಟಿಕ್ ವಿಭಾಗದ ಮೇಡಂ. ಚಿಕ್ಕ ವಯಸ್ಸಿನವರು, ತಾಳ್ಮೆಯವರು.

ಅಭ್ಯಾಸಬಲದಿಂದ ನನ್ನ ಬಾಯಿಗೆ ಬಂದುಬಿಟ್ಟಿತು: "ಅರ್ಧ ಜಾಸ್ತಿ ಆಯ್ತು ಮೇಡಂ. ಒಸಿ ಕಮ್ಮಿ ಮಾಡ್ಕೊಳ್ಳಿ."

ಅವರು ನಗಲಿಲ್ಲ. "ಕಮ್ಮಿ ಮಾಡುವುದು ನನ್ನ ಕೈಯಲ್ಲಿಲ್ಲ ಮಾದೇಶ್ ಅವರೇ. ಮುಂದಿನ ಸಲ ನಿಮ್ಮ ಫ್ಯಾಮಿಲಿ ಟ್ರೀ ತನ್ನಿ. ಯಾರ ಮಕ್ಕಳು ಯಾರು, ಎಲ್ಲರೂ ಬೇಕು."

ಮುಂದಿನ ಸಲ ನಾನು ಕಚೇರಿಯ ಸೀಲು ಬಿದ್ದ ವಂಶವೃಕ್ಷವನ್ನೇ ತೆಗೆದುಕೊಂಡು ಹೋದೆ. ಅಪ್ಪ ಸತ್ತ ಮೇಲೆ ಜಮೀನಿನ ಖಾತೆ ಬದಲಾಯಿಸಲು ಮಾಡಿಸಿದ್ದು. ಅದಕ್ಕಿಂತ ಗಟ್ಟಿ ದಾಖಲೆ ಇನ್ನೇನಿದೆ ಎಂದುಕೊಂಡಿದ್ದೆ. ಮೇಡಂ ಅದನ್ನು ಮೇಜಿನ ಮೇಲೆ ಹರಡಿ, ತಮ್ಮ ಹಾಳೆಯಲ್ಲಿ ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ ಬರೆಯುತ್ತಾ ಹೋದರು.

"ನಿಮ್ಮ ತಂದೆಗೆ ನೀವೊಬ್ಬರೇ ಮಗುವಾ?"

"ಹೂಂ ಮೇಡಂ. ಸೀಲೈತೆ ನೋಡಿ."

"ಸೀಲು ಕಾಣಿಸ್ತಿದೆ. ಹೆಣ್ಣುಮಕ್ಕಳು ಎಲ್ಲಿ?"

ಪಕ್ಕದಲ್ಲಿ ಕೂತಿದ್ದ ರತ್ನ ನೆಲ ನೋಡಿದಳು.

ನನಗೊಬ್ಬ ಅಕ್ಕ ಇದ್ದಾಳೆ.

ಚಿಕ್ಕತಾಯಮ್ಮ. ಸೋಲೂರಿಗೆ ಕೊಟ್ಟಿದೆ. ಗಂಡ ತೀರಿಕೊಂಡಿದ್ದಾನೆ, ಒಬ್ಬಳೇ ಮಗಳು ಪವಿತ್ರ. ಅಕ್ಕ ಎಲ್ಲಿ ಪಾಲು ಕೇಳುತ್ತಾಳೋ ಎಂದು ಹನ್ನೊಂದು ವರ್ಷದ ಹಿಂದೆ ಅಪ್ಪನಿಗೆ ನಾನೊಬ್ಬನೇ ಎಂದು ಸುಳ್ಳು ಹೇಳಿ ಆ ಕಾಗದ ಮಾಡಿಸಿದವನು ನಾನೇ. ವಿಷಯ ತಿಳಿದ ದಿನದಿಂದ ಅವಳು ನಮ್ಮ ಮನೆಯ ಹೊಸಿಲು ತುಳಿದಿಲ್ಲ.

ಮೇಡಂ ಒಂದು ವೃತ್ತ ಬರೆದರು. ಅದರ ಕೆಳಗೆ ಇನ್ನೊಂದು, ಪವಿತ್ರಳದು. ಎರಡರ ಒಳಗೂ ಪ್ರಶ್ನೆಚಿಹ್ನೆ ಹಾಕಿದರು. "ನಾವಾಗಿ ಅವರಿಗೆ ಫೋನ್ ಮಾಡಿ ಹೇಳುವುದಿಲ್ಲ. ನೀವು ಹೇಳಬೇಕು. ಟೆಸ್ಟ್ ಮಾಡಿಸುವುದು ಬಿಡುವುದು ಅವರಿಷ್ಟ. ಬಲವಂತ ಮಾಡುವ ಹಾಗಿಲ್ಲ."

ನಮ್ಮ ಮಗನಿಗೆ ಅಂದೇ ಹೇಳಿದೆವು. ಹಾಲಿನ ಡೈರಿಯಲ್ಲಿ ಕೆಲಸ ಅವನಿಗೆ, ಇಪ್ಪತ್ತಮೂರು ವರ್ಷ. "ಔಸ್ದಿ ಇಲ್ಲ ಅಂದ್ಮೇಲೆ ಈಗ್ಲೇ ತಿಳ್ಕಂಡು ಏನಪ್ಪ ಮಾಡ್ಲಿ" ಎಂದ.

ಅಕ್ಕನ ವಿಷಯಕ್ಕೆ ಬಂದರೆ, ಪವಿತ್ರಳಿಗೆ ಮಾಗಡಿಯಲ್ಲಿ ಗಂಡು ಗೊತ್ತಾಗಿದೆ, ಮದುವೆಗೆ ಎರಡೇ ತಿಂಗಳು ಎಂದು ಸುದ್ದಿ ಬಂದಿತ್ತು. ನನ್ನ ದಲ್ಲಾಳಿ ಕಸುಬಿಗೆ ಒಂದು ನಿಯಮವಿದೆ. ಕೊಳ್ಳುವವನು ಕೇಳಿದರೆ ಹಸುವಿನ ಐಬನ್ನು ಮುಚ್ಚಿಡುವುದಿಲ್ಲ. ಕೇಳದಿದ್ದರೆ ನಾನಾಗಿ ಬಾಯಿ ಬಿಡುವುದಿಲ್ಲ. ಅದರಿಂದಲೇ ಅನ್ನ ತಿಂದವನು. ಅಕ್ಕ ಕೇಳಿರಲಿಲ್ಲ. ಸುಮ್ಮನಿದ್ದರೆ ಮದುವೆ ನಡೆಯುತ್ತದೆ. ನಾಳೆ ಆ ಹುಡುಗಿಗೆ ಮಗುವಾಗುತ್ತದೆ. ಮೇಡಂ ಆ ವೃತ್ತದ ಕೆಳಗೆ ಇನ್ನೊಂದು ಗೆರೆ ಎಳೆಯುತ್ತಾರೆ.

"ಹನ್ನೊಂದು ವರ್ಸದಲ್ಲಿ ಒಂದು ಒಳ್ಳೆ ಮಾತಾಡಾಕೆ ಹೋಗ್ಲಿಲ್ಲ. ಇದ ಹೇಳಾಕೆ ಹೋಯ್ತೀಯಾ?" ಎಂದಳು ರತ್ನ.

ಹೋದೆ.

ಅಕ್ಕ ಹಿತ್ತಲಲ್ಲಿ ಎಮ್ಮೆಗೆ ಹಿಂಡಿ ಕಲಸುತ್ತಿದ್ದಳು. ನನ್ನ ಕೈ ಹಾರುವುದನ್ನು ಒಂದು ಗಳಿಗೆ ನೋಡಿದಳು. ಎಲ್ಲವನ್ನೂ ಹೇಳಿದೆ. ಬಾಗಿಲಲ್ಲಿ ಪವಿತ್ರ ನಿಂತಿದ್ದಳು.

"ನಿನ್ ಕಾಗ್ದದಲ್ಲಿ ನಾನು ಹುಟ್ಟೇ ಇಲ್ವಲ್ಲಪ್ಪ" ಎಂದಳು ಅಕ್ಕ, ಕೈ ನಿಲ್ಲಿಸದೆ. "ನಂಗೆಂಗೆ ಬತ್ತದೆ ಅಪ್ಪನ ಕಾಯ್ಲೆ?"

"ತಪ್ಪಾಯ್ತು ಕಣಕ್ಕ."

"ಜಮೀನ್ನಾಗೆ ಪಾಲಿಲ್ಲ. ಇದ್ರಾಗೆ ಮಾತ್ರ ಕೊಡಾಕೆ ಬಂದವ್ನೆ ನೋಡು, ಧರ್ಮರಾಯ."

ನೀರೂ ಕೊಡಲಿಲ್ಲ. ಬಸ್ ಸ್ಟ್ಯಾಂಡಿನವರೆಗೆ ಪವಿತ್ರ ಹಿಂದೆ ಬಂದಳು. ಸ್ಕೂಲ್ ಟೀಚರ್ ಅವಳು, ಮಾತು ಕಡಿಮೆ. "ಮಾವ, ಹುಡುಗನಿಗೆ ನಾನು ಹೇಳ್ಬೇಕಾ?" ಎಂದು ಕೇಳಿದಳು. ಕೇಳದವರಿಗೂ ಬುದ್ಧಿ ಹೇಳುವ ಮನುಷ್ಯ ನಾನು. ಎಷ್ಟು ಹುಡುಕಿದರೂ ಅವಳಿಗೆ ಹೇಳಲು ಒಂದು ಮಾತೂ ಸಿಗಲಿಲ್ಲ. ನೆಲಮಂಗಲದ ಬಸ್ಸು ಬಂತು, ಹೋಯಿತು. ನಾನು ಹತ್ತುವ ಮಾಗಡಿ ಬಸ್ಸು ಬರುವವರೆಗೂ ಅವಳು ನಿಂತೇ ಇದ್ದಳು.

ಹುಡುಗನಿಗೆ ಅವಳೇ ಹೇಳಿದಳಂತೆ. ಅವನು ಒಳ್ಳೆಯವನೇ. ಅವನ ಮನೆಯವರು ಮಾತ್ರ, ಟೆಸ್ಟ್ ಮಾಡಿಸಿ ರಿಪೋರ್ಟ್ ತನ್ನಿ, ಏನೂ ಇಲ್ಲ ಅಂತ ಬರೆದಿದ್ದರೆ ಮುಂದುವರಿಯೋಣ ಎಂದರು. ನನ್ನ ಕಸುಬಿನ ಕಣ್ಣಿಂದ ನೋಡಿದರೆ ಕೇಳಿದ್ದು ನ್ಯಾಯವೇ. ಹಲ್ಲು ನೋಡದೆ ನಾನು ಯಾವ ದನವನ್ನೂ ಕೊಂಡಿಲ್ಲ.

"ನಾನೇನು ಹಸುವಾ?" ಎಂದಳಂತೆ ಪವಿತ್ರ.

ಮದುವೆ ಅಲ್ಲಿಗೆ ನಿಂತಿತು.

ಅದಾದ ಎರಡು ವಾರಕ್ಕೆ, ಒಂದು ಮಧ್ಯಾಹ್ನ, ಅಕ್ಕ ನಮ್ಮ ಮನೆಗೆ ಬಂದಳು. ಬೈಯಲು ಬಂದಿದ್ದಾಳೆ, ಬೈಯಲಿ ಎಂದುಕೊಂಡೆ. ಅವಳು ಜಗಲಿಯ ಮೇಲೆ ಕೂತಳು. ರತ್ನ ತಂದ ಕಾಫಿ ಲೋಟವನ್ನು ಎರಡೂ ಕೈಯಲ್ಲಿ ಹಿಡಿದಳು. ಆಗ ನನಗೆ ಅವಳ ಎಡಗಾಲಿನ ಹೆಬ್ಬೆರಳು ಕಂಡಿತು. ಏಳುತ್ತಿತ್ತು. ಮಡಚಿಕೊಳ್ಳುತ್ತಿತ್ತು. ಮತ್ತೆ ಏಳುತ್ತಿತ್ತು.

ಅಕ್ಕ ಸೀರೆಯ ಅಂಚು ಎಳೆದು ಮುಚ್ಚಿದಳು.

"ನೋಡ್ಬುಟ್ಟಾ?"

"ಯಾವಾಗಿಂದ ಅಕ್ಕ?"

"ನೀನು ಬರಾಕೆ ಮುಂಚಿಂದ್ಲೂ. ಅಪ್ಪನ ಕಾಯ್ಲೆನೇ ಅಂತ ಗೊತ್ತಿತ್ತು, ಹೆಸ್ರು ಗೊತ್ತಿರ್ನಿಲ್ಲ ಅಷ್ಟೇಯ. ಅದ್ಕೇ ಅವಳ ಮದ್ವೆ ಬಿರಬಿರನೆ ಮುಗಿಸ್ಬುಡಾನ ಅಂತಿದ್ದೆ. ನೀನು ಬಂದು ಕೆಡಿಸ್ಬುಟ್ಟೆ."

"ನಾನು ಬರಬಾರ್ದಿತ್ತಾ?"

ಅಕ್ಕ ಕಾಫಿ ಮುಗಿಸಿದಳು. ಲೋಟವನ್ನು ನಿಧಾನವಾಗಿ, ಗುರಿ ನೋಡಿಕೊಂಡು, ನೆಲಕ್ಕಿಟ್ಟಳು.

"ಮೊನ್ನೆ ಪವಿತ್ರ ಕೇಳಿದ್ಲು, ನಿನ್ ಕಾಲ್ಯಾಕವ್ವ ಹಂಗಾಡ್ತದೆ ಅಂತ. ಸುಳ್ಳು ಹೇಳಾಕೆ ಆಗ್ನಿಲ್ಲ. ಆಸ್ಪತ್ರೆ ಯಾವತ್ತು ಮತ್ತೆ?"

"ಗುರುವಾರ."

"ಬತ್ತೀನಿ. ಗೇಟ್ನಾಗೆ ನಿಂತ್ಕಂಡಿರು. ನಂಗೆ ಅಲ್ಲಿ ದಾರಿ ತಿಳಿಯಾಕಿಲ್ಲ."

ಇಂಥ ಕಾಯಿಲೆ ಮನೆಯಲ್ಲಿದೆ ಎಂದು ತಿಳಿದವರಿಗೆ ಹೇಳುವುದು ಇಷ್ಟೇ: ಮುರಿದ ಸಂಬಂಧಗಳನ್ನೂ ಸೇರಿಸಿ ಎಲ್ಲರ ಹೆಸರನ್ನೂ ಹೇಳಿ. ಹೇಳಿದ ಮೇಲೆ ಎಲ್ಲ ಸರಿಹೋಗುತ್ತದೆ ಎಂದು ನಾನು ಹೇಳುವುದಿಲ್ಲ. ನಮ್ಮಲ್ಲಿ ಸರಿಹೋಗಿಲ್ಲ. ಆದರೆ ಅಕ್ಕ ಬಂದಳು.

ಗುರುವಾರ ಅವಳು ಪವಿತ್ರಳ ಜೊತೆ ಬಂದಳು, ಮೂವರಿಗೂ ಬುತ್ತಿ ಕಟ್ಟಿಕೊಂಡು. ಮೇಡಂ ಅವಳನ್ನು ಒಬ್ಬಳನ್ನೇ ಕೂರಿಸಿ ಬಹಳ ಹೊತ್ತು ಮಾತಾಡಿ, ಒಪ್ಪಿಗೆ ಕೇಳಿ, ರಕ್ತ ಕೊಡಲು ಒಳಗೆ ಕಳಿಸಿದರು. ಪವಿತ್ರ ಹೊರಗೆ ಬೆಂಚಿನ ಮೇಲೆ ನನ್ನ ಪಕ್ಕ ಕೂತಳು. ಅವಳ ರಕ್ತ ಯಾರೂ ಕೇಳಲಿಲ್ಲ. ಅವಳೂ ಕೊಡುತ್ತೇನೆ ಅನ್ನಲಿಲ್ಲ. ಎರಡೂ ಕೈಗಳನ್ನು ಮಡಿಲಲ್ಲಿ ಬಿಡಿಸಿ ಇಟ್ಟುಕೊಂಡಿದ್ದಳು.

ನನ್ನ ಕಣ್ಣು ಅವುಗಳ ಮೇಲೆ ಹೋಗಬಾರದೆಂದು ನಾನು ಗೋಡೆಯ ಕಡೆಗೆ ತಿರುಗಿ ಕೂತೆ.