ಪುಳಿಯೋಗರೆ ಕಟ್ಟಿಕೊಂಡು ಕಾವೇರಿ ದಂಡೆಗೆ

ತೊಂಬತ್ತರ ದಶಕದ ಕೊನೆಯ ಒಂದು ಡಿಸೆಂಬರ್ ಭಾನುವಾರ, ಗಾಂಧಿಬಜಾರಿನಲ್ಲಿ ಹೂವಿನವರು ಬುಟ್ಟಿ ಇಳಿಸುವ ಹೊತ್ತಿಗೇ ನಮ್ಮ ಬೀದಿಯ ನಾಲ್ಕೈದು ಮನೆಯವರು ಬಾಡಿಗೆ ಮೆಟಡೋರ್ ಹತ್ತಿದೆವು. ಕಾವೇರಿ ದಂಡೆಯ ಕಾಡಂಚಿನ ಹಳ್ಳಿಯೊಂದರಲ್ಲಿ ಪ್ರವಾಸಿಗರಿಗಾಗಿ ಹೊಸದಾಗಿ ಶುರುವಾಗಿದ್ದ ಪ್ರಕೃತಿ ಶಿಬಿರಕ್ಕೆ ಹೊರಟಿದ್ದೆವು. ಊಟ ಅಲ್ಲೇ ಎಂದು ಹೇಳಿದ್ದರೂ ನಮ್ಮತ್ತೆ ಕೇಳಬೇಕಲ್ಲ! ಬಸವನಗುಡಿಯವರು ಹೊಸಿಲು ದಾಟಿದರೆ ಪುಳಿಯೋಗರೆ, ಮೊಸರನ್ನವೂ ಜೊತೆಗೆ ದಾಟಲೇಬೇಕು. ಮಿಕ್ಕವರೂ ಕ್ಯಾರಿಯರ್ ತುಂಬಿಸಿಯೇ ತಂದಿದ್ದರು.

ಕನಕಪುರ ದಾಟಿದ ಮೇಲೆ ರಸ್ತೆ ನಮ್ಮ ಸೊಂಟ ಮುರಿಯಿತು. ಹೊಳೆ ಕಂಡಮೇಲೆ ಎಲ್ಲ ಮರೆತೆವು. ಊರಿನವರೇ ಆದ ಗೈಡ್ ಬಂಡೆಯ ಮೇಲೆ ಮಲಗಿದ್ದ ಮೊಸಳೆ ತೋರಿಸಿದರು. ಮಧ್ಯಾಹ್ನ ಮತ್ತಿಮರದ ನೆರಳಲ್ಲಿ ಜಮಖಾನೆ ಹಾಸಿ ಕ್ಯಾರಿಯರ್ ಬಿಚ್ಚಿದೆವು.

ಅಡುಗೆ ಶೆಡ್ಡಿನಿಂದ ಪುಟ್ಟತಾಯಮ್ಮ ಎಂಬ ಹಿರಿಯ ಹೆಂಗಸು ಬಂದರು. "ಯಾಕ್ರವ್ವಾ, ನಮ್ ಅಡಿಗೆ ಬ್ಯಾಡ್ವಾ? ಮುದ್ದೆ, ಬಸ್ಸಾರು ಮಾಡೀವಿ."

ಬಿಚ್ಚಿಟ್ಟ ಕ್ಯಾರಿಯರ್‌ಗಳ ಕಡೆ ನೋಡುತ್ತ ಅವರೇ ಮುಂದುವರಿಸಿದರು: "ಟೂರಿಸ್ಟು ಅಂದ್ರೆ ಬಾಟ್ಲು ಒಡ್ದು ಹೋಗೋರು, ಶಿಬಿರಾನೇ ಬ್ಯಾಡ ಅಂದಿತ್ತು ನಮ್ಮೂರು. ಕಾಡಿಗೆ ಸೌದೆಗೆ ಹೋಗೋದ್ ಬಿಡಿ, ಅಡಿಗೆ ಕೆಲ್ಸ ಕೊಡ್ತೀವಿ ಅಂತ ಶಿಬಿರದ ಸಾಹೇಬ್ರು ಒಪ್ಪಿಸಿದ್ರು. ನೀವೇ ಮೊದಲ್ನೇ ದೊಡ್ ಗುಂಪು. ನೀವು ಉಣ್ಣದಿದ್ರೆ ಈ ಕೆಲ್ಸ ಪ್ಯಾಟೆ ಹೋಟ್ಲೋರ್ಗೆ ಹೋಯ್ತದೆ."

ಎಲ್ಲರೂ ಅತ್ತೆಯ ಕಡೆ ನೋಡಿದರು. ಅವರು ಹೊರಗೆ ನೀರೂ ಮುಟ್ಟದವರು.

ಅತ್ತೆ ಕ್ಯಾರಿಯರ್ ಮುಚ್ಚಿದರು. "ಬೆಳ್ಳುಳ್ಳಿ ಹಾಕಿದೀರಾ?"

"ಸಾರ್ಗೆ ಹಾಕೀವಿ ಕಣವ್ವಾ. ಮಜ್ಗೆ ಐತೆ."

"ಹಾಗಾದ್ರೆ ನನಗೆ ಮುದ್ದೆ, ಮಜ್ಜಿಗೆ ಕೊಡಿ. ಪುಳಿಯೋಗರೆ ನೀವು ತಿನ್ನಿ. ಚೆನ್ನಾಗಿಲ್ದಿದ್ರೆ ಹೇಳ್ಬೇಕು, ಸಂಕೋಚ ಬೇಡ."

ಎಲೆಗಳು ಬಂದವು. ಮುದ್ದೆ ಮುರಿಯಲು ಬಾರದ ನಮ್ಮನ್ನು ನೋಡಿ ಪುಟ್ಟತಾಯಮ್ಮ, ಅವರ ಜೊತೆಗೆ ಅಡುಗೆ ಮಾಡುತ್ತಿದ್ದ ಹೆಂಗಸರು ಬಿದ್ದು ಬಿದ್ದು ನಕ್ಕರು. ಬಸ್ಸಾರನ್ನು ನಾನು ಎರಡು ಸಲ ಹಾಕಿಸಿಕೊಂಡೆ. ಸಂಜೆ ಬಂದ ಶಿಬಿರದ ಸಾಹೇಬರು ಖಾಲಿ ಪಾತ್ರೆಗಳನ್ನು ನೋಡಿ, "ಅಡಿಗೆ ನಿಮಗೇ ಇರ್ಲಿ, ಪುಟ್ಟತಾಯಮ್ಮ," ಎಂದರು. ಆಕೆ ಸೆರಗಿನಿಂದ ಕಣ್ಣೊರೆಸಿಕೊಂಡರು.

ಹೊರಡುವಾಗ ಕ್ಯಾರಿಯರ್ ಭಾರವಾಗಿತ್ತು. ಪಾತ್ರೆ ಬರಿದಾಗಿ ಕಳಿಸಬಾರದೆಂದು ಅವರು ಸೊಗಡಿನ ಅವರೆಕಾಯಿ ತುಂಬಿಸಿದ್ದರು. ನಾವು ಅವಮಾನ ಮಾಡಿದ್ದೆವು. ಅವರು ಬಡಿಸಿ ಕಳಿಸಿದರು. ಆ ಹೆಂಗಸರಿಗೆ ನಾನು ಇವತ್ತಿಗೂ ಋಣಿ.

ಬನಶಂಕರಿ ದಾಟುವಾಗ ಪಕ್ಕದ ಮನೆಯಾಕೆ ಕೇಳಿದರು: "ಮುಂದಿನ ಸಲ ಏನ್ ಕಟ್ಕೊಂಡ್ ಹೋಗೋಣ?"

ಕ್ಯಾರಿಯರ್ ಮಡಿಲಲ್ಲಿಟ್ಟುಕೊಂಡಿದ್ದ ಅತ್ತೆ ಹೇಳಿದರು: "ಏನೂ ಬೇಡಮ್ಮ. ಹಸ್ಕೊಂಡು ಹೋದ್ರೆ ಸಾಕು."